ಮಗ್ಗ ನಿಂತಾಗ ಕೇಳದ ಮಾತು

ಹೋದ ತಿಂಗಳು ಇಚಲಕರಂಜಿಯಿಂದ ಬರುವಾಗ ಕಬನೂರಿನಲ್ಲಿ ಬಸ್ಸು ಕೆಟ್ಟು ನಿಂತಿತು. ಸಣ್ಣಗೆ ಮಳೆ ಹನಿಯುತ್ತಿತ್ತು. ಕಿಟಕಿಯ ಪಕ್ಕದ ಗಲ್ಲಿಯಿಂದ ಒದ್ದೆಯಾದ ನೂಲು, ಕಾದ ಎಣ್ಣೆ, ಹುಳಿತ ಗಂಜಿ ಮೂರೂ ಕೂಡಿದ ವಾಸನೆ ಬಂದು ಮುಖಕ್ಕೆ ಬಡಿಯಿತು. ಪಕ್ಕದಲ್ಲಿ ಕೂತ ಹೆಣ್ಣುಮಗಳು ಸೆರಗು ಮೂಗಿಗೆ ಹಿಡಿದಳು. ನಾನು ಮಾತ್ರ ಕಿಟಕಿಗೆ ಬಾಗಿ ನೋಡಿದೆ. ಆ ಗಲ್ಲಿಯೊಳಗೆ ಮೂರನೆಯ ಮನೆ ರೇಣುಕಾಳದು. ಇಳಿದು ಹೋಗಿ ಮಾತಾಡಿಸಿ ಬರಬಹುದಿತ್ತು. ಇಳಿಯಲಿಲ್ಲ. ಬಸ್ಸು ಹೊರಡುವವರೆಗೆ ಕೂತಲ್ಲೇ ಕೂತು ಮಹಾಪೂರ ಬಂದ ವರ್ಷದ ಮಳೆಗಾಲವನ್ನೇ ನೆನೆಸಿಕೊಂಡೆ.

ನಾನು ಗಡಹಿಂಗ್ಲಜದವಳು. ಮನೆಯಲ್ಲಿ ಕನ್ನಡ, ಸಾಲಿಯಲ್ಲಿ ಮರಾಠಿ, ಬಾಜಾರಿನಲ್ಲಿ ಎರಡೂ. ಈ ಎರಡು ನಾಲಿಗೆಯ ಕಾರಣಕ್ಕೇ ಆ ವರ್ಷ ನನಗೆ ಕೊಲ್ಲಾಪುರದ ಒಂದು ಮಕ್ಕಳ ದವಾಖಾನೆಯಲ್ಲಿ ಕೆಲಸ ಸಿಕ್ಕಿತ್ತು. ಒಂದೂವರೆಯಿಂದ ಎರಡೂವರೆ ವರ್ಷದ ಕೂಸುಗಳಿರುವ ಮನೆಗಳಿಗೆ ಹೋಗುವುದು, ತಾಯಿಯನ್ನು ಕೂಡಿಸಿಕೊಂಡು ಒಂದು ಪಟ್ಟಿ ಓದುವುದು. ಅವ್ವ, ಹಾಲು, ನಾಯಿ, ಬಾ, ಒಲ್ಲೆ... ಒಂದೊಂದೇ ಶಬ್ದ. "ಈ ಮಾತು ಅಂತೈತೇನ್ರಿ ಕೂಸು?" ತಾಯಿ ಹೌದೆಂದರೆ ರೈಟು ಹಾಕುವುದು. ಎರಡು ತಿಂಗಳಿಗೊಮ್ಮೆ ಅದೇ ಮನೆಗೆ ಮತ್ತೆ ಹೋಗಿ, ಶಬ್ದ ಎಷ್ಟು ಬೆಳೆದಿವೆ ನೋಡುವುದು. ವಯಸ್ಸಿಗೆ ತಕ್ಕಂತೆ ಪಟ್ಟಿಯ ಕೆಳಗೆ ಒಂದು ಗೆರೆ ಇರುತ್ತಿತ್ತು. ಶಬ್ದಗಳು ಆ ಗೆರೆ ಮುಟ್ಟದಿದ್ದರೆ ಕೂಸನ್ನು ಕೊಲ್ಲಾಪುರಕ್ಕೆ ಕರೆಸಿ ಪರೀಕ್ಷೆ ಮಾಡುತ್ತಿದ್ದರು. ಮಾತು ತಡವಾದ ಮಕ್ಕಳನ್ನು ಬೇಗ ಹಿಡಿದರೆ ಬೇಗ ದಾರಿಗೆ ತರಬಹುದು. ಅಷ್ಟೇ ಅದರ ಲೆಕ್ಕ.

ಪಟ್ಟಿ ಬಂದದ್ದು ಮರಾಠಿಯಲ್ಲಿ. ನಮ್ಮ ಕನ್ನಡದ ಮನೆಗಳಿಗಾಗಿ ಅದನ್ನು ಹೊಂದಿಸುವ ಕೆಲಸ ನನ್ನದಾಯಿತು. ನನ್ನವ್ವ ಜೋಳ ಹಸನು ಮಾಡುತ್ತ ಹೇಳುತ್ತಿದ್ದಳು, ನಾನು ಬರೆಯುತ್ತಿದ್ದೆ. ಕುರಿ ಸಾಕುವ ಮನೆಯ ಕೂಸು ಆಕಳಿಗಿಂತ ಮೊದಲು ‘ಬ್ಯಾ’ ಅನ್ನುತ್ತದೆ. ಅನ್ನಕ್ಕೆ ‘ಬುವ್ವಾ’. ಕೆಲವು ಮನೆಗಳಲ್ಲಿ ನಾಯಿಗೆ ಕುತ್ರಾ, ನೀರಿಗೆ ಪಾಣಿ. ಎರಡರಲ್ಲಿ ಯಾವುದಂದರೂ ಒಂದೇ ರೈಟು. ಪಟ್ಟಿ ಮುಗಿದಾಗ ದವಾಖಾನೆಯ ಡಾಕ್ಟರ್ ಮೇಡಂ ಭಾಳ ಹೊಗಳಿದರು. "ಮಗುವಿನ ಮಾತು ತಾಯಿಗಿಂತ ಚೆನ್ನಾಗಿ ಯಾರಿಗೆ ಗೊತ್ತಿರುತ್ತೆ? ತಾಯಿ ಹೇಳಿದ್ದನ್ನ ಬರಿ. ನಿನ್ನ ಊಹೆ ಸೇರಿಸಬೇಡ" ಎಂದರು. ಆ ಮಾತನ್ನು ನಾನು ಮಂತ್ರದಂತೆ ಹಿಡಿದುಕೊಂಡೆ.

ರೇಣುಕಾಳ ಮನೆಗೆ ಮೊದಲು ಹೋದದ್ದು ರೋಹಿಣಿ ಮಳೆಯ ಹೊತ್ತಿಗೆ. ಅವರು ಮೂಲ ರಾಯಬಾಗ ಕಡೆಯವರು. ಗಂಡ ಮಲ್ಲಪ್ಪನ ಅಪ್ಪನ ಕಾಲಕ್ಕೇ ಕಬನೂರಿಗೆ ಬಂದು ನೆಲೆಸಿದವರು. ಮನೆಯೆಂದರೆ ಮುಂದೆ ನಾಲ್ಕು ಪವರ್‌ಲೂಮ್ ಮಗ್ಗ, ಹಿಂದೆ ಅರ್ಧ ಗೋಡೆ ಎಬ್ಬಿಸಿ ಮಾಡಿದ ಅಡಿಗೆಮನೆ. ಗಂಡ ಹೆಂಡತಿ ಇಬ್ಬರೂ ಮಗ್ಗ ನಡೆಸುತ್ತಿದ್ದರು. ಅತ್ತೆ ಗಂಗವ್ವ ಕೂಸು ನೋಡಿಕೊಳ್ಳುತ್ತಿದ್ದಳು. ಕೂಸಿನ ಹೆಸರು ಸಾವಿತ್ರಿ, ಎಲ್ಲರ ಬಾಯಲ್ಲಿ ಸಾವಿ. ಹತ್ತೊಂಬತ್ತು ತಿಂಗಳು.

ಅಂದು ಸೆಕೆಗೆ ಒಳಗೆ ಕೂಡಲಾಗದೆ ಗಲ್ಲಿಯ ತುದಿಯ ಬೇವಿನ ಕಟ್ಟೆಗೆ ಹೋಗಿ ಕೂತಿದ್ದೆವು. ಸಾವಿ ಒಂದು ಕೋಳಿಯ ಬೆನ್ನುಹತ್ತಿ ಕಟ್ಟೆ ಸುತ್ತುತ್ತಿದ್ದಳು. "ಕೋಕೋ! ಕೋಕೋ, ಬಾ!" ಪೀಪಿಯಂಥ ಸಣ್ಣ ಚೂಪು ದನಿ. ನಾನು ಚೀಲದಿಂದ ಕಾಗದ ತೆಗೆದ ಸದ್ದಿಗೆ ಓಡಿ ಬಂದು "ಏನ?" ಎಂದಳು. ಮೂವತ್ತೆರಡು ಶಬ್ದ ಆದವು. ರೇಣುಕಾ ನಗುತ್ತ "ನಮ್ಮತ್ತಿಗಿಂತ ಹೆಚ್ಚ ಮಾತಾಡ್ತಾಳ್ರಿ" ಎಂದಳು. ಗಂಗವ್ವ ಸೊಸೆಯ ಬೆನ್ನಿಗೊಂದು ಹಗುರ ಗುದ್ದು ಕೊಟ್ಟಳು. ರೇಣುಕಾಳ ದನಿ ಮಾತ್ರ ಕಟ್ಟೆಯ ಮೇಲೂ ಜೋರು. ಮಗ್ಗದ ಮನೆಯವರ ದನಿ ಹಾಗೇ ಇರುತ್ತದೆ. ನಾನು ಅದರ ಬಗ್ಗೆ ಯೋಚಿಸಲಿಲ್ಲ.

ಮೃಗಶಿರಾ ಒಣಗಿ ಹೋಯಿತು. ಆರಿದ್ರಾ ಮಳೆ ಹಿಡಿದದ್ದು ಬಿಡಲಿಲ್ಲ. ಆಜರಾದ ಗುಡ್ಡಗಳ ಮೇಲೆ ಸುರಿದದ್ದೆಲ್ಲ ನದಿಗಳಿಗೆ ಇಳಿಯತೊಡಗಿತು. ಬಸ್ಸಿನಲ್ಲಿ ಜನ ಪಂಚಗಂಗೆಯ ನೀರಿನ ಮಟ್ಟದ್ದೇ ಮಾತಾಡುತ್ತಿದ್ದರು. ಸೇತುವೆ ದಾಟುವಾಗ ಎಲ್ಲರೂ ಒಂದೇ ಕಡೆಯ ಕಿಟಕಿಗೆ ಬಾಗುತ್ತಿದ್ದರು. ನೀರು ಕೆಂಪಾಗಿ, ಸದ್ದಿಲ್ಲದೆ, ದಿನಕ್ಕೊಂದು ಮೆಟ್ಟಿಲು ಏರುತ್ತಿತ್ತು.

ಪುಷ್ಯ ಮಳೆಯಲ್ಲಿ ಎರಡನೆಯ ಸಲ ಹೋದೆ. ಹೊರಗೆ ಕೂಡುವಂತಿರಲಿಲ್ಲ. ಅಡಿಗೆಮನೆಯಲ್ಲಿ ಚಾಪೆ ಹಾಸಿದರು. ಅರ್ಧ ಗೋಡೆಯ ಆಚೆ ನಾಲ್ಕೂ ಮಗ್ಗ ಓಡುತ್ತಿದ್ದವು. ಆ ಖಟಕ್ ಖಟಕ್ ಕಿವಿಗಿಂತ ಹೆಚ್ಚು ಹಲ್ಲಿಗೆ ಕೇಳುತ್ತದೆ. ನೆಲ ನಡುಗುತ್ತದೆ, ಲೋಟದ ನೀರಿನಲ್ಲಿ ಸಣ್ಣ ಉಂಗುರ ಏಳುತ್ತವೆ. ನಾನು ಗಂಟಲು ಹರಿಯುವಂತೆ ಒದರಿ ಪಟ್ಟಿ ಓದಿದೆ. ರೇಣುಕಾ ನನ್ನ ಮುಖದಿಂದ ಕಣ್ಣು ತೆಗೆಯದೆ ಉತ್ತರ ಕೊಟ್ಟಳು.

"ಹಾಲು?"

"ಅಂತಾಳ್ರಿ."

"ಬುವ್ವಾ?"

"ಅಂತಾಳ."

"ಒಲ್ಲೆ?"

"ಅದನ್ನ ದಿನಾ ನೂರ ಸಲ ಅಂತಾಳ್ರಿ."

ಸಾವಿ ಗೋಡೆ ಹಿಡಿದುಕೊಂಡು ಬಂದಳು. ಗೋಡೆ ಮುಗಿದಲ್ಲಿ ನಿಂತು, ಓಲಾಡಿ, ಕೂತುಬಿಟ್ಟಳು. ಎರಡು ತಿಂಗಳ ಹಿಂದೆ ಕೋಳಿಯನ್ನು ಅಟ್ಟಿಸಿಕೊಂಡು ಹೋಗುತ್ತಿದ್ದ ಕೂಸು. ನಾನು ಗಂಗವ್ವನ ಕಡೆ ನೋಡಿದೆ.

"ನಡುವ ಜ್ವರಾ ಬಂದಿತ್ರಿ. ಸೊರಗ್ಯಾಳ. ಹೋತ ಅದು," ಎಂದಳು ಗಂಗವ್ವ, ಕೈಯಿಂದ ನೊಣ ಓಡಿಸಿದ ಹಾಗೆ.

ಪಟ್ಟಿಯ ಕೊನೆಗೆ ಆರೋಗ್ಯದ ಸಾಲೊಂದು ಇತ್ತು. ಅದರಲ್ಲಿ ‘ಜ್ವರ, ಗುಣವಾಗಿದೆ’ ಎಂದು ಬರೆದೆ. ಎಂಥ ಜ್ವರ, ಎಷ್ಟು ದಿನ, ಯಾವ ದವಾಖಾನೆ, ಒಂದೂ ಕೇಳಲಿಲ್ಲ. ಆ ದಿನ ಇನ್ನೂ ನಾಲ್ಕು ಮನೆ ಬಾಕಿ ಇದ್ದವು.

ಆದರೂ ಏನೋ ಕೊರೆಯುತ್ತಿತ್ತು. ಸಾವಿ ನನ್ನನ್ನು ನೋಡುವ ರೀತಿ ಬೇರೆಯಾಗಿತ್ತು. ನನ್ನ ಕಣ್ಣು ನೋಡುತ್ತಿರಲಿಲ್ಲ, ಬಾಯಿ ನೋಡುತ್ತಿದ್ದಳು. ಒಲೆಯ ಮೇಲಿನ ಕುಕ್ಕರು ಸಿಳ್ಳು ಹಾಕಿತು, ಅವಳು ತಿರುಗಲಿಲ್ಲ. ಆದರೆ ಆ ಸದ್ದಿನಲ್ಲಿ ಯಾರೂ ತಿರುಗಲಿಲ್ಲ. ರೇಣುಕಾಳೂ ಉಗಿ ನೋಡಿಯೇ ಎದ್ದು ಹೋಗಿ ಉರಿ ಕಡಿಮೆ ಮಾಡಿದಳು.

"ನನ್ನ ಎದುರಿಗೆ ಒಂದ್ ಮಾತು ಅನ್ನಿಸ್ರಿ," ಎಂದೆ.

ರೇಣುಕಾ ಮಗಳ ಗಲ್ಲ ಹಿಡಿದೆತ್ತಿ ತನ್ನ ಎದೆಯ ಮೇಲೆ ಬೆರಳಿಟ್ಟು ತೋರಿಸಿದಳು. ಸಾವಿ ತುಟಿ ಬಿಚ್ಚಿ, ಕೆಳತುಟಿ ಹಲ್ಲಿಗೆ ತಾಗಿಸಿ, ಮತ್ತೆ ಬಿಚ್ಚಿದಳು. ಅವ್ವ. ನನಗೆ ಕೇಳಿಸಿತು. ಕೇಳಿಸಿತು ಅಂದುಕೊಂಡೆ. ನಲವತ್ತೊಂದು ಶಬ್ದಕ್ಕೆ ರೈಟು ಹಾಕಿ, ಗೆರೆಯ ಮೇಲೆಯೇ ಇದ್ದಾಳೆಂದು ‘ಚಿಂತೆಯಿಲ್ಲ’ ಎಂಬ ಕಟ್ಟಿನಲ್ಲಿ ಆ ಕಾಗದ ಸೇರಿಸಿದೆ. ಹೊರಡುವಾಗ ಮಲ್ಲಪ್ಪ ಮಗ್ಗದ ನಡುವಿನಿಂದ ಹುಬ್ಬೇರಿಸಿ ಕೇಳಿದ. ನಾನು ಹೆಬ್ಬೆರಳು ಎತ್ತಿ ತೋರಿಸಿದೆ.

ಅಲ್ಲಿಂದ ಎರಡು ವಾರ ನಾನು ಆಜರಾ ಕಡೆಯ ಹಳ್ಳಿಗಳಲ್ಲಿದ್ದೆ. ಗದ್ದೆಗಳೆಲ್ಲ ಕೆರೆಯಾಗಿದ್ದವು. ಇಚಲಕರಂಜಿಯಲ್ಲಿ ಉಳಿದ ಮನೆಗಳನ್ನು ಮುಗಿಸಲೆಂದು ನನ್ನ ದೊಡ್ಡಮ್ಮನ ಮಗಳ ಮನೆಗೆ ಬಂದಿಳಿದ ಮರುದಿನವೇ ದಾರಿಗಳು ಒಂದೊಂದಾಗಿ ಮುಚ್ಚತೊಡಗಿದವು. ನದಿದಂಡೆಯ ಕುರುಂದವಾಡದ ಜನ ದನಕರ, ಹಾಸಿಗೆ ಸಮೇತ ಸಾಲಿಗಳಿಗೆ ಹೋಗಿದ್ದಾರೆ ಎಂದರು. ಆಶ್ಲೇಷಾ ಮಳೆ. ನೀರು ಹೊಕ್ಕೀತೆಂದು ಊರಿನ ಕರೆಂಟು ತೆಗೆದರು.

ಕಬನೂರಿನ ಎಲ್ಲ ಮಗ್ಗಗಳೂ ಒಮ್ಮೆಲೇ ನಿಂತವು. ಆ ಮೌನ ನಾನು ಯಾವತ್ತೂ ಕೇಳಿರಲಿಲ್ಲ. ಜನ ಬಾಗಿಲಲ್ಲಿ ನಿಂತು, ಏನೋ ಕಳೆದುಕೊಂಡವರ ಹಾಗೆ ಗಲ್ಲಿ ನೋಡುತ್ತಿದ್ದರು. ನಾನು ಪಕ್ಕದ ಗಲ್ಲಿಯ ಮನೆಯೊಂದಕ್ಕೆ ಹೊರಟಿದ್ದೆ. ರೇಣುಕಾ ನೋಡಿ, "ಬರ್‍ರಿ, ಚಾ ಕುಡದ ಹೋಗ್ರಿ" ಎಂದು ಕೂಗಿದಳು. ಹೋದೆ.

ಸಾವಿ ಚಾಪೆಯ ಮೇಲೆ ನೂಲು ಸುತ್ತುವ ಖಾಲಿ ಕಂಡಿಕೆಗಳನ್ನು ಒಂದರ ಮೇಲೊಂದು ನಿಲ್ಲಿಸುತ್ತ ಕೂತಿದ್ದಳು. ತಲೆ ಎತ್ತಿ ನನ್ನನ್ನು ನೋಡಿದಳು. ತುಟಿ ಕೂಡಿ ಬಿಚ್ಚಿದವು. ಬಾ.

ಸದ್ದಿರಲಿಲ್ಲ.

ಮಾಡಿನ ಹನಿ ಕೊಡದಲ್ಲಿ ಬೀಳುವುದು ಕೇಳುತ್ತಿತ್ತು. ಗಂಗವ್ವ ಎಲೆ ಕುಟ್ಟುವುದು ಕೇಳುತ್ತಿತ್ತು. ಕೂಸಿನ ಬಾಯಿಂದ ಉಸಿರಷ್ಟೇ ಬಂತು. ಅವಳು ಲೋಟದ ಕಡೆ ಕೈಚಾಚಿ ಮತ್ತೆ ತುಟಿ ಆಡಿಸಿದಳು. ರೇಣುಕಾ ಕೂಡಲೇ ನೀರು ಕೊಟ್ಟಳು.

"ನೋಡ್ರಿ, ನೀರ ಅಂದ್ಳು," ಎಂದಳು ನನಗೆ.

"ರೇಣುಕಾ, ಅಂದದ್ದು ನಿಮಗ ಕೇಳಸ್ತೇನು?"

ಅವಳಿಗೆ ನನ್ನ ಪ್ರಶ್ನೆಯೇ ವಿಚಿತ್ರ ಅನ್ನಿಸಿತು. "ಕೇಳೂದೇನ್ರಿ? ಕಾಣತೈತಲ್ರಿ," ಎಂದಳು.

ಎಂಟನೆಯ ವರ್ಷಕ್ಕೇ ತವರಿನ ಮಗ್ಗಗಳ ನಡುವೆ ಕಂಡಿಕೆ ಸುತ್ತಲು ಕೂತವಳು ಅವಳು. ಮಗ್ಗದ ಮನೆಯಲ್ಲಿ ಯಾರೂ ಮಾತನ್ನು ಕಿವಿಯಿಂದ ಕೇಳುವುದಿಲ್ಲ, ತುಟಿಯಿಂದ ಓದುತ್ತಾರೆ. ಆಕೆ ಒಂದು ಶಬ್ದವನ್ನೂ ಸುಳ್ಳು ಹೇಳಿರಲಿಲ್ಲ. ಮಗಳ ನಲವತ್ತೊಂದು ಮಾತನ್ನೂ ಕಣ್ಣಾರೆ ಕಂಡಿದ್ದಳು.

ನಾನು ಮೆಲ್ಲಗೆ ಎದ್ದು ಒಂದು ತಾಟು, ಸೌಟು ತೆಗೆದುಕೊಂಡು ಸಾವಿಯ ಬೆನ್ನ ಹಿಂದೆ ಹೋಗಿ ನಿಂತು ಬಾರಿಸಿದೆ. ಗಂಗವ್ವ ಬೆಚ್ಚಿ ಕುಟ್ಟಾಣಿ ಕೆಡವಿದಳು. ಮಲ್ಲಪ್ಪ ಹೊರಗಿನಿಂದ ಓಡಿ ಬಂದ. ಸಾವಿ ಐದನೆಯ ಕಂಡಿಕೆಯನ್ನು ನಾಲ್ಕನೆಯದರ ಮೇಲೆ ನೆಟ್ಟಗೆ ನಿಲ್ಲಿಸಿದಳು.

"ಜ್ವರಾ ಎಂಥಾದ್ದಿತ್ತು?" ಎಂದೆ. "ಎಲ್ಲಿ ತೋರಿಸಿದ್ರಿ?"

ಹತ್ತು ದಿನ ದವಾಖಾನೆಯಲ್ಲಿಟ್ಟಿದ್ದರಂತೆ. ಬೆನ್ನಿನಿಂದ ನೀರು ತೆಗೆದು ನೋಡಿದ್ದರಂತೆ. ಜ್ವರ ಮಿದುಳಿಗೆ ಏರಿತ್ತು ಎಂದಿದ್ದರಂತೆ. ಮಲ್ಲಪ್ಪ ಟ್ರಂಕಿನಿಂದ ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿಟ್ಟ ಫೈಲು ತಂದ. ಕೊನೆಯ ಹಾಳೆಯಲ್ಲಿ ಇಂಗ್ಲಿಷಿನಲ್ಲಿ ಎರಡು ಸಾಲು: ಕೂಡಲೇ ಕಿವಿಯ ಪರೀಕ್ಷೆ ಮಾಡಿಸಬೇಕು.

"ಔಷಧ ಮುಗದಿದ್ದೂರಿ," ಎಂದ ಮಲ್ಲಪ್ಪ. "ಕಾಗದಾ ಹಂಗ ಇಟ್ಟೇವಿ. ಓದಿ ಹೇಳವ್ರ ಯಾರ?"

ತಾರೀಖು ನೋಡಿದೆ. ನನ್ನ ಎರಡನೆಯ ಭೇಟಿಗೆ ಮೂರು ವಾರ ಮೊದಲಿನದು. ಅಂದು ನಾನು ಕೂತಿದ್ದ ಚಾಪೆಯಿಂದ ಆ ಟ್ರಂಕು ನಾಲ್ಕು ಮೊಳ ದೂರವೂ ಇರಲಿಲ್ಲ.

ಡಾಕ್ಟರ್ ಮೇಡಂಗೆ ಫೋನು ಹಚ್ಚಿದೆ. ಅವರು ನನ್ನ ಮಾತು ಪೂರ್ತಿ ಕೇಳಲೂ ಇಲ್ಲ. "ಇವತ್ತೇ ಕರ್ಕೊಂಡು ಬಾ" ಎಂದರು. ಕಿವಿಯ ಒಳಗೆ ಬಸವನಹುಳದ ಚಿಪ್ಪಿನಂಥ ಒಂದು ಸುರುಳಿ ಇರುತ್ತದಂತೆ. ಕೂಸು ಓಲಾಡದೆ ನಿಲ್ಲುವುದೂ ಒಳಗಿವಿಯದೇ ಕೆಲಸವಂತೆ. ಈ ಜ್ವರ ಬಂದುಹೋದ ಮೇಲೆ ಕೆಲವು ಮಕ್ಕಳಲ್ಲಿ ಅದರೊಳಗೆ ಎಲುಬು ತುಂಬುತ್ತ ಹೋಗುತ್ತದಂತೆ. ಟೊಳ್ಳು ಇರುವಾಗಲೇ ಒಳಗೆ ತಂತಿ ಕೂಡಿಸಿದರೆ ಕೇಳಿಸಬಹುದು. ತುಂಬಿದ ಮೇಲೆ ಯಾರ ಕೈಯಲ್ಲೂ ಆಗದು. "ಒಂದೊಂದು ದಿನವೂ ಲೆಕ್ಕಕ್ಕೆ ಬರುತ್ತೆ," ಎಂದರು.

ಆ ಮಧ್ಯಾಹ್ನವೇ ಕೊಲ್ಲಾಪುರದ ದಾರಿ ಮುಚ್ಚಿತ್ತು.

ಐದು ದಿನ. ಮಲ್ಲಪ್ಪ ದಿನಾ ಬೆಳಿಗ್ಗೆ ಹೋಗಿ ನೀರು ನೋಡಿ ಬರುತ್ತಿದ್ದ. ಸುತ್ತು ಹಾಕಿ ಹೋಗುವ ದಾರಿಯ ಮೇಲೂ ನೀರು. ಟೆಂಪೋದವನೊಬ್ಬ ಬರುತ್ತೇನೆಂದು ಹೇಳಿ, ಅರ್ಧ ದಾರಿಯಿಂದ ತಿರುಗಿ ಬಂದ. ಪೋಲೀಸರು ಅಡ್ಡ ಕಟ್ಟಿದ ಬಿದಿರಿನ ಈಚೆ ಮಲ್ಲಪ್ಪ ಮಗಳನ್ನು ಹೆಗಲ ಮೇಲೆ ಹೊತ್ತು ಒಂದು ತಾಸು ವಾದಿಸಿದನಂತೆ. ಮಗುವಿಗೆ ಜ್ವರವಿಲ್ಲ, ರಕ್ತವಿಲ್ಲ, ನಗುತ್ತಿದೆ. ಅವಸರವೇನೆಂದು ಅವರಿಗೆ ತಿಳಿಯಲಿಲ್ಲ. ನಾನು ದಿನಾ ಆ ಮನೆಗೆ ಹೋಗಿ ಕೂಡುತ್ತಿದ್ದೆ. ಮಾಡಲು ಏನೂ ಇರಲಿಲ್ಲ. ಸಾವಿಯ ಪುಟ್ಟ ಕಿವಿಯನ್ನು ನೋಡಿದಾಗಲೆಲ್ಲ, ಅದರ ಒಳಗೆ, ನಾವು ನೋಡನೋಡುತ್ತಿದ್ದಂತೆಯೇ, ಒಂದು ಬಾಗಿಲು ಮುಚ್ಚುತ್ತಿದೆ ಅನ್ನಿಸುತ್ತಿತ್ತು.

ಮೂರನೆಯ ದಿನ ಮಲ್ಲಪ್ಪ ಬಂದು ನನ್ನ ಎದುರಿಗೆ ಕುಕ್ಕರುಗಾಲಿನಲ್ಲಿ ಕೂತ.

"ಬಾಯಾರ, ಒಂದ್ ಮಾತ ಕೇಳ್ತೇನಿ. ನೀವು ಆವತ್ತ ಬಂದಿದ್ರಲ್ಲ? ಎಲ್ಲಾ ಬರೋಬ್ಬರ ಐತಿ ಅಂದಿದ್ರಲ್ಲ?"

"ಹೌದ್ರಿ. ಅಂದಿದ್ದೆ."

"ಆವತ್ತ ತಿಳದಿದ್ರ?"

ತಾಯಿ ಹೇಳಿದ್ದನ್ನು ಬರೆದೆ ಎಂದು ಹೇಳಬಹುದಿತ್ತು. ಅದು ಖರೇನೂ ಆಗಿತ್ತು. ರೇಣುಕಾ ಒಲೆಯ ಹತ್ತಿರ ನಿಂತು ನಮ್ಮಿಬ್ಬರ ತುಟಿಗಳನ್ನು ನೋಡುತ್ತಿದ್ದಳು.

"ಆವತ್ತ ದಾರಿ ಇತ್ತು," ಎಂದೆ. "ಕೂಸು ಗೋಡಿ ಹಿಡದ ನಡೀತಿತ್ತು. ನಾ ನೋಡಿದ್ದೆ. ಫೈಲ್ ಕೇಳಬೇಕಿತ್ತು. ಕೇಳಲಿಲ್ಲ. ತಪ್ಪ ನಂದು."

ಅವನು ತನ್ನ ಅಂಗೈಯ ಎಣ್ಣೆಯ ಕಲೆ ತಿಕ್ಕಿಕೊಂಡ. ಆಮೇಲೆ ಎದ್ದು ಮತ್ತೆ ನೀರು ನೋಡಲು ಹೋದ. ಬೈದಿದ್ದರೆ ಚೆನ್ನಾಗಿತ್ತು.

ಆರನೆಯ ದಿನ ದಾರಿ ಬಿಟ್ಟಿತು. ಟ್ಯಾಂಕರುಗಳ ಹಿಂದೆ ಒಂದು ಜೀಪಿನಲ್ಲಿ ಹೋದೆವು. ಎರಡೂ ಬದಿ ಕಬ್ಬು ರಾಡಿ ಮೆತ್ತಿಕೊಂಡು ನೆಲಕ್ಕೆ ಮಲಗಿತ್ತು. ಕೊಲ್ಲಾಪುರದಲ್ಲಿ ಪರೀಕ್ಷೆಗಳಾದವು. ಎರಡೂ ಕಿವಿ ಹೋಗಿದ್ದವು. ಎಡಗಿವಿಯ ಸುರುಳಿ ಪೂರ್ತಿ ಕಲ್ಲಾಗಿತ್ತು. ಬಲಗಿವಿಯಲ್ಲಿ ಇನ್ನೂ ಸ್ವಲ್ಪ ಟೊಳ್ಳು ಉಳಿದಿತ್ತು. ಮೇಡಂ ಸರಕಾರಿ ಯೋಜನೆಯಲ್ಲಿ ಹೆಸರು ಕೂಡಿಸಿ, ಎಲ್ಲ ಕಾಗದಕ್ಕೂ ತಾವೇ ಓಡಾಡಿ, ಪುಣೆಗೆ ಕಳಿಸಿದರು. ಅಲ್ಲಿ ಆಪರೇಷನ್ ಆಯಿತು. ತಂತಿ ಅರ್ಧದಷ್ಟೇ ಒಳಗೆ ಹೋಯಿತು. ಅರ್ಧದಿಂದ ಎಷ್ಟು ಕೇಳೀತು ಎಂದು ಯಾರೂ ಮಾತು ಕೊಡಲಿಲ್ಲ. ಮೂರು ವಾರ ಮೊದಲು ಬಂದಿದ್ದರೆ ಏನಾಗುತ್ತಿತ್ತು ಎಂದು ನಾನು ಕೇಳಲಿಲ್ಲ. ಮೇಡಂ ಹೇಳಲಿಲ್ಲ. ನನ್ನ ತಪ್ಪನ್ನು ಅವರಿಗೂ ಹೇಳಿದೆ. ಅವರು ಕನ್ನಡಕ ತೆಗೆದು ಒರೆಸುತ್ತ, "ತಾಯಿ ಹೇಳಿದ್ದನ್ನ ಬರಿ ಅಂದವಳು ನಾನು," ಎಂದರು. ಅದರಿಂದ ನನ್ನ ಭಾರವೇನೂ ಇಳಿಯಲಿಲ್ಲ.

ಪಟ್ಟಿಗೆ ಆಮೇಲೆ ಒಂದು ಸಾಲು ಸೇರಿತು: ನೀವು ಬೆನ್ನು ಮಾಡಿ ನಿಂತಾಗಲೂ ಕೂಸಿನ ಮಾತು ನಿಮಗೆ ಕೇಳುತ್ತದೆಯೆ? ಕಬನೂರಿನ ಎಲ್ಲ ಮನೆಗಳಿಗೂ ನಾನು ಮತ್ತೆ ಹೋದೆ. ಮಗ್ಗ ನಿಲ್ಲಿಸಿ ಅಂದೆ, ಕೂಸನ್ನು ಕಟ್ಟೆಗೆ ಕರೆತನ್ನಿ ಅಂದೆ. ಕೆಲವರು ಬೇಸರಿಸಿದರು, ಕೆಲವರು ಗದರಿದರು. ಕೂಸುಗಳೆಲ್ಲ ಕೂಗಾಡುತ್ತ ಚೆನ್ನಾಗಿಯೇ ಇದ್ದವು. ಆ ಸಾಲು ಓದಿದಾಗ ತಡವರಿಸಿದವರು ತಾಯಂದಿರು. ಮಗ್ಗದ ಸದ್ದಿಗೆ ಕಿವಿ ಸವೆದ, ಮೂವತ್ತು ದಾಟದ ಹೆಂಗಸರು, ನಾನು ಬೆನ್ನ ಹಿಂದಿನಿಂದ ಹೆಸರು ಹಿಡಿದು ಕರೆದರೆ ತಿರುಗುತ್ತಿರಲಿಲ್ಲ. ಒಂದು ಮನೆ, ಎರಡು ಮನೆ, ಇಡೀ ಗಲ್ಲಿ. ಅದನ್ನು ಬರೆಯಲು ನನ್ನ ಕಾಗದದಲ್ಲಿ ಜಾಗವಿರಲಿಲ್ಲ.

ಸಾವಿಯ ಕಿವಿಯ ಹಿಂದೆ ಯಂತ್ರ ಕೂತ ಮೇಲೆ ವಾರಕ್ಕೆರಡು ದಿನ ಕೊಲ್ಲಾಪುರಕ್ಕೆ ಮಾತು ಕಲಿಸಲು ಕರೆತರುತ್ತಿದ್ದರು. ಮೊದಮೊದಲು ಯಂತ್ರ ಹಾಕಿದೊಡನೆ ಕಿರುಚಿ ಕಿತ್ತೆಸೆಯುತ್ತಿದ್ದಳು. ದಸರೆ ಹೋಯಿತು, ದೀಪಾವಳಿ ಹೋಯಿತು. ತುಟಿಯ ಮಾತು ಬಿಟ್ಟರೆ ಬೇರೇನೂ ಹೊರಡಲಿಲ್ಲ. ಗಂಗವ್ವ ಸೊಸೆಯ ಜೊತೆ ಬರುವುದನ್ನು ಬಿಟ್ಟಳು. ಮಲ್ಲಪ್ಪ ಬಿಡಲಿಲ್ಲ.

ಸಂಕ್ರಾಂತಿಯ ಮುಂಚಿನ ಒಂದು ಬೆಳಿಗ್ಗೆ. ಪಾಠ ಮುಗಿದು ಹೊರಡುವ ಹೊತ್ತು. ರೇಣುಕಾ ನಮ್ಮ ಕಡೆ ಬೆನ್ನು ಮಾಡಿ ಬಾಗಿಲ ಹತ್ತಿರ ಕೂತು ಚೀಲಕ್ಕೆ ಬಟ್ಟೆ ತುಂಬುತ್ತಿದ್ದಳು. ಮಲ್ಲಪ್ಪ ಕಿಟಕಿಯ ಹತ್ತಿರ ನಿಂತಿದ್ದ. ಸಾವಿ ನನ್ನ ಮೊಣಕಾಲು ಹಿಡಿದು ನಿಂತು ತಾಯಿಯ ಬೆನ್ನನ್ನೇ ನೋಡುತ್ತಿದ್ದಳು.

"ಅವ್ವಾ."

ಒಡಕು ದನಿ, ಗಂಟಲ ಆಳದ್ದು. ಆದರೆ ದನಿ. ಮಲ್ಲಪ್ಪ ಕಿಟಕಿಯ ಸರಳು ಗಟ್ಟಿಯಾಗಿ ಹಿಡಿದುಕೊಂಡ.

ರೇಣುಕಾ ಬಟ್ಟೆ ಮಡಚುತ್ತಲೇ ಇದ್ದಳು.

"ಅವ್ವಾ!"

ಈ ಸಲ ಹೊರಗಿನ ಪಡಸಾಲೆಯಲ್ಲಿ ಕೂತವರೂ ತಿರುಗಿ ನೋಡಿದರು. ರೇಣುಕಾ ಚೀಲದ ಜಿಪ್ಪು ಎಳೆದಳು. ಮಲ್ಲಪ್ಪ ಅವಳ ಭುಜ ಮುಟ್ಟಲು ಒಂದು ಹೆಜ್ಜೆ ಮುಂದೆ ಬಂದವನು ನಿಂತುಬಿಟ್ಟ. ಸಾವಿ ನನ್ನ ಮೊಣಕಾಲು ಬಿಟ್ಟಿದ್ದಳು. ಕೈಯೆರಡನ್ನೂ ಅಗಲಿಸಿ, ಓಲಾಡುತ್ತ, ತಾಯಿಯ ಸುತ್ತ ಬಳಸಿ ಹೋಗಿ ಎದುರಿಗೆ ನಿಂತಳು. ತಾಯಿಯ ಮುಖಕ್ಕೆ ಮುಖ ತಂದು, ತುಟಿ ಬಿಚ್ಚಿ, ಮೂರನೆಯ ಸಲ ಕರೆದಳು.

ರೇಣುಕಾ ಮಗಳ ಗಂಟಲಿನ ಮೇಲೆ ಅಂಗೈ ಇಟ್ಟಳು. ಅದು ನಡುಗುವುದು ಅವಳಿಗೆ ತಿಳಿಯಿತು.

"ದನಿ ಐತ್ರಿ!" ಎಂದು ಒದರಿದಳು. "ನನ್ನ ಕರದ್ಳ! ಈಗ ಕರದ್ಳಲ್ರಿ?"

ಮಲ್ಲಪ್ಪ ನನ್ನ ಕಡೆ ನೋಡಿದ.

"ಹೌದ್ರಿ," ಎಂದೆ, ಅವಳಿಗೆ ಕಾಣುವಂತೆ ಬಾಯಿ ಬಿಚ್ಚಿ. "ಈಗ ಕರದ್ಳು."